ಆದಿತಾಳದ ಮೇಲೆ ಹೆಸರುಗಳ ನಡಿಗೆ

ಹತ್ತೊಂಬತ್ತು ದಿನ ಕಾಡಿದ ಕೊನೆಯ ಒಂದು ನಿಮಿಷ ನಿನ್ನೆ ರಾತ್ರಿ ದಾರಿಗೆ ಬಂತು. ಬಾವಿಯ ರಾಟೆಯ ಬಗ್ಗೆ ನಾನು ಮಾಡುತ್ತಿರುವ ಅನಿಮೇಷನ್ ಚಿತ್ರದ ರೇಖೆ, ಬಣ್ಣ, ಹಿನ್ನೆಲೆ ಎಲ್ಲವೂ ಮುಗಿದು ತಿಂಗಳಾಗಿತ್ತು. ನಾನು ಸಿಕ್ಕಿಬಿದ್ದದ್ದು ಕೊನೆಯಲ್ಲಿ ಹೆಸರುಗಳು ಮೇಲೇರುವ ಪಟ್ಟಿಯಲ್ಲಿ.

ಚಿತ್ರದ ಮೊದಲ ಮೂರು ನಿಮಿಷ ಸಂಗೀತವೇ ಇಲ್ಲ. ರಾಟೆಯ ಕಿರುಗುಟ್ಟುವಿಕೆ, ಹಗ್ಗದ ಉಜ್ಜಾಟ, ಕೊಡ ನೀರಿಗೆ ಬೀಳುವ ಸದ್ದು, ಅಷ್ಟೇ. ಅಜ್ಜಿ ಕೊಡ ಹೊತ್ತು ಹೊರಟು ಹೋದ ಮೇಲೆ ತೆರೆ ಕಪ್ಪಾಗುತ್ತದೆ. ಮೃದಂಗ ಆಗ ಶುರು. ಇಶು ಪಟೇಲರು ಕೆನಡಾದ ರಾಷ್ಟ್ರೀಯ ಚಲನಚಿತ್ರ ಮಂಡಳಿಗಾಗಿ 1977ರಲ್ಲಿ ಮಾಡಿದ ಮಣಿಗಳ ಚಿತ್ರದಲ್ಲಿ ತಬಲಾ ಇಡೀ ಕಥೆಯನ್ನು ಹೊತ್ತು ನಡೆಯುತ್ತದೆ. ನನಗೆ ಬೇಕಾಗಿದ್ದದ್ದು ಕಥೆ ಮುಗಿದ ಮೇಲೆ ಬರುವ ಲಯ. ನೋಡಿದ್ದು ಎದೆಗಿಳಿಯುವುದು ಆ ಒಂದು ನಿಮಿಷದಲ್ಲೇ. ಅಲ್ಲಿ ಹೆಸರುಗಳು ಎಡವಿದರೆ ಅಜ್ಜಿಯೂ ಎಡವಿದಂತೆ.

ಲೆಕ್ಕ ಇಷ್ಟೇ. ನಿಮಿಷಕ್ಕೆ 80 ಅಕ್ಷರ (ತಾಳದ ಒಂದೊಂದು ಎಣಿಕೆ), ಸೆಕೆಂಡಿಗೆ 24 ಫ್ರೇಮ್ (ಒಂದೊಂದು ಬಿಡಿಚಿತ್ರ). ಒಂದು ಅಕ್ಷರಕ್ಕೆ 18 ಫ್ರೇಮ್. ಎಂಟು ಅಕ್ಷರಗಳ ಸುತ್ತಾದ ಆದಿತಾಳದ ಒಂದು ಆವರ್ತಕ್ಕೆ 144 ಫ್ರೇಮ್, ಅಂದರೆ ಆರು ಸೆಕೆಂಡು. ಹತ್ತು ಆವರ್ತ ಕಳೆದು ಹನ್ನೊಂದನೆಯದರ ಸಮಕ್ಕೆ, ಅದರ ಮೊದಲ ಎಣಿಕೆಗೆ, ಮುಕ್ತಾಯದ ಕೊನೆಯ ಪೆಟ್ಟು ಬೀಳುತ್ತದೆ. ಕೊನೆಯ ಹೆಸರು ತೆರೆಯಿಂದ ಮರೆಯಾಗುವುದೂ ಆಗಲೇ ಆಗಬೇಕು.

ಇಪ್ಪತ್ತೈದು ಸಾಲು, ಸಾಲಿಗೆ 64 ಪಿಕ್ಸೆಲ್, ತೆರೆಯ ಎತ್ತರ 1,080. ಒಟ್ಟು 2,680 ಪಿಕ್ಸೆಲ್ ಪಯಣ. ಫ್ರೇಮಿಗೆ ಎರಡರಂತೆ ಏರಿಸಿದರೆ 1,340 ಫ್ರೇಮಿಗೇ ಮುಗಿದು, ಮುಕ್ತಾಯ ನುಡಿಯುವಾಗ ತೆರೆ ನಾಲ್ಕು ಸೆಕೆಂಡಿಗೂ ಹೆಚ್ಚು ಕಾಲ ಬರಿದು. ವೇಗವನ್ನು 1.86ಕ್ಕೆ ಇಳಿಸಿದೆ. ಸಮಯ ಹೊಂದಿತು, ತೆರೆಯ ಮೇಲಿನ ಅಕ್ಷರಗಳು ನಡುಗತೊಡಗಿದವು. ಪಿಕ್ಸೆಲ್ ಭಿನ್ನರಾಶಿಯಲ್ಲಿ ಸರಿದಾಗ ತೆಳುವಾದ ಅಡ್ಡಗೆರೆ ಒಂದು ಫ್ರೇಮಿನಲ್ಲಿ ಚೂಪಾಗಿ, ಮುಂದಿನದರಲ್ಲಿ ಎರಡು ಸಾಲಿಗೆ ಹಂಚಿ ಮಸುಕಾಗಿ ಕಾಣುತ್ತದೆ. ಕನ್ನಡದಲ್ಲಿ ಎಷ್ಟೋ ಅಕ್ಷರಗಳ ತಲೆಯ ಮೇಲೆ ಅಂಥ ಗೆರೆ! ಸಾಲುಸಾಲು ತಲೆಕಟ್ಟುಗಳು ಹಾಳಾದ ಟ್ಯೂಬ್‌ಲೈಟಿನಂತೆ ಮಿಣುಕಿದವು.

ದಪ್ಪ ಅಕ್ಷರ ಹಾಕಿದೆ, ಒತ್ತುಗಳು ಮುಚ್ಚಿಹೋದವು. ಮಸುಕುಗೊಳಿಸಿದೆ, ಓದಲಾಗಲಿಲ್ಲ. ಇನ್ನೊಂದು ತಂತ್ರಾಂಶಕ್ಕೆ ಹೋದರೆ ಅದು ‘ಕೃತಜ್ಞತೆ’ಯ ಒತ್ತನ್ನೇ ಮುರಿದು ಪಕ್ಕದಲ್ಲಿಟ್ಟಿತು. ಧ್ವನಿಮುದ್ರಣದವರದು ಮತ್ತೊಂದು ಕಾಟ. ಸೆಕೆಂಡಿಗೆ 48,000 ಮಾದರಿಯ (ಧ್ವನಿಯನ್ನು ಅಳೆದಿಡುವ ತುಣುಕುಗಳ) ದರ ಬೇಕೆಂದು ಎರಡು ಬಾರಿ ಬರೆದುಕೊಟ್ಟಿದ್ದರೂ 44,100ರಲ್ಲಿ ಕಳಿಸಿದರು. ಮೊದಲನೆಯದರಲ್ಲಿ ಫ್ರೇಮಿಗೆ ಸರಿಯಾಗಿ 2,000 ಮಾದರಿ, ಎರಡನೆಯದರಲ್ಲಿ 1,837.5. ಆ ಅರೆಯನ್ನು ಎಲ್ಲಿಡಲಿ? ಹೇಳಿದ್ದನ್ನು ಕೇಳಿಸಿಕೊಳ್ಳದವರು ಧ್ವನಿಯ ಕೆಲಸಕ್ಕೆ ಬರಬಾರದು. ಕಾಲಪ್ರಮಾಣವನ್ನೇ ನಿಮಿಷಕ್ಕೆ 86 ಅಕ್ಷರಕ್ಕೆ ಏರಿಸೋಣವೆಂದು ಮೃದಂಗದ ಗೆಳೆಯನನ್ನು ಕೇಳಿದೆ. ಅವನು ಒಪ್ಪಲಿಲ್ಲ. ಅವನು ಮಾಡಿದ್ದೇ ಸರಿ. ಆ ನಡೆ ಅಜ್ಜಿಯ ನಡಿಗೆಯದು.

ನಿನ್ನೆ ಕೈಯಲ್ಲಿ ತಾಳ ಹಾಕುತ್ತ ಪಟ್ಟಿ ನೋಡುತ್ತಿದ್ದಾಗ ಹೊಳೆಯಿತು: ವೇಗವನ್ನು ಮುಟ್ಟಬಾರದು, ಸಾಲಿನ ಅಂತರವನ್ನು ಮುಟ್ಟಬೇಕು. 64ರ ಬದಲು 72. ಫ್ರೇಮಿಗೆ ಎರಡು ಪಿಕ್ಸೆಲಿನಂತೆ ಒಂದು ಸಾಲು ಏರಲು 36 ಫ್ರೇಮ್, ಸರಿಯಾಗಿ ಎರಡು ಅಕ್ಷರಕಾಲ. ತಾಳದ ನಾಲ್ಕು ಅಕ್ಷರದ ಲಘುವಿಗೆ ಎರಡು ಸಾಲು, ಎರಡೆರಡು ಅಕ್ಷರದ ಒಂದೊಂದು ದ್ರುತಕ್ಕೆ ಒಂದೊಂದು. ಇಪ್ಪತ್ತೈದು ಸಾಲಿಗೆ 1,800, ತೆರೆಯ 1,080 ಕೂಡಿ 2,880. ಅರ್ಧ ಮಾಡಿದರೆ 1,440 ಫ್ರೇಮ್. ಹತ್ತು ಆವರ್ತ! ಸಾಲಿಗೆ ಎಂಟೇ ಎಂಟು ಪಿಕ್ಸೆಲ್ ಕೊರತೆಗೆ ಹತ್ತೊಂಬತ್ತು ದಿನ ಹೋಗಿತ್ತು. ಮನೆಯವರನ್ನು ಎಬ್ಬಿಸಿ ತೋರಿಸಿದೆ.

ಈ ಲೆಕ್ಕ ಕೈಗೆ ಸಿಕ್ಕ ಮೇಲೆ ಮುಂದಿನ ಚಿತ್ರ ತಲೆಯೊಳಗೆ ನಡೆದಾಡತೊಡಗಿದೆ: ತೊಗಲುಗೊಂಬೆಯ ನೆರಳಿನಲ್ಲಿ ಒಂದು ಕುಂಟು ಮೇಕೆ. ಐದು ಮಾತ್ರೆಯ (ಎಣಿಕೆಯ) ಖಂಡಚಾಪು ತಾಳ, ಎರಡು ಮತ್ತು ಮೂರು. ಮಾತ್ರೆಗೆ ಎಂಟು ಫ್ರೇಮ್. ಹದಿನಾರು ಫ್ರೇಮಿನ ಗಿಡ್ಡ ಹೆಜ್ಜೆ, ಇಪ್ಪತ್ತನಾಲ್ಕರ ಉದ್ದ ಹೆಜ್ಜೆ. ತಾಳವೇ ಕುಂಟುತ್ತದೆ! ಗಟ್ಟಿ ಕಾಗದ ತಂದಿಟ್ಟಿದ್ದೇನೆ, ಕೀಲುಗಳಿಗೆ ದಾರ ಸಾಕೋ ತಂತಿ ಬೇಕೋ ನೋಡಬೇಕು.

ಮೃದಂಗ ನುಡಿಸಿದವನ ಹೆಸರನ್ನು ಹದಿನೇಳನೆಯ ಸಾಲಿನಲ್ಲಿಟ್ಟೆ. ಅದು ಐದನೆಯ ಆವರ್ತದ ಸಮಕ್ಕೆ ಕೆಳಗಂಚಿನಲ್ಲಿ ತಲೆ ಎತ್ತುತ್ತದೆ. ಅವನಿಗೆ ಇನ್ನೂ ಹೇಳಿಲ್ಲ. ಕೊನೆಯ ಪೆಟ್ಟಿನ ನಂತರ 48 ಫ್ರೇಮ್ ಕಪ್ಪು ಬಿಟ್ಟಿದ್ದೇನೆ, ನಾದ ಪೂರ್ತಿ ಅಡಗುವವರೆಗೆ.