ಎರಡು ಚಂದ್ರರ ಕ್ಯಾಲೆಂಡರ್: ಉಳಿಕೆ ದಿನಗಳ ಲೆಕ್ಕ ಕೂಡಿಬಂತು

ನನ್ನ ಕಲ್ಪನೆಯ ಲೋಕಕ್ಕೆ ಕ್ಯಾಲೆಂಡರ್ ಕಟ್ಟುವ ಕೆಲಸ ಒಂದು ಹಂತಕ್ಕೆ ಬಂದಿದೆ. ಮೂಲ ಸಂಖ್ಯೆಗಳನ್ನು ಇನ್ನು ಮುಟ್ಟುವುದಿಲ್ಲ. ವರ್ಷಕ್ಕೆ 388.4 ದಿನ. ಆಕಾಶದಲ್ಲಿ ಎರಡು ಚಂದ್ರ. ದೊಡ್ಡದನ್ನು ಅಲ್ಲಿನ ಜನ ಅವ್ವ ಅನ್ನುತ್ತಾರೆ, ಸಣ್ಣದನ್ನು ಕೂಸು. ಅವ್ವನ ಹುಣ್ಣಿಮೆಯಿಂದ ಹುಣ್ಣಿಮೆಗೆ 31.25 ದಿನ, ಅದೇ ತಿಂಗಳು. ಕೂಸಿನ ಹುಣ್ಣಿಮೆ 10 ದಿನಕ್ಕೊಮ್ಮೆ, ಅದೇ ವಾರ. ಮೂರು ತಿಂಗಳು 31 ದಿನದವು, ನಾಲ್ಕನೆಯದು 32 ದಿನದ್ದು. ತಿಂಗಳು ಹುಣ್ಣಿಮೆಯಂದೇ ಶುರುವಾಗುತ್ತದೆ.

ಹನ್ನೆರಡು ತಿಂಗಳಿಗೆ 375 ದಿನ. ವರ್ಷ ತುಂಬಲು ಇನ್ನೂ 13.4 ದಿನ ಬೇಕು. ಈ ಕೊಸರೇ ನನಗೆ ಎಲ್ಲಕ್ಕಿಂತ ಮುಖ್ಯ. ನಮ್ಮ ಭೂಮಿಯಲ್ಲೂ ಇದೇ ಕಥೆ ಅಲ್ವಾ? ನಮ್ಮ ಚಂದ್ರನ 12 ತಿಂಗಳಿಗೆ ಸುಮಾರು 354.37 ದಿನ. ಸೂರ್ಯನ ವರ್ಷಕ್ಕಿಂತ ಹತ್ತಿರ ಹತ್ತಿರ 11 ದಿನ ಕಡಿಮೆ. ಕ್ರಿ.ಪೂ. 432ರಲ್ಲಿ ಅಥೆನ್ಸಿನ ಮೆಟಾನ್ 19 ವರ್ಷಕ್ಕೆ 235 ತಿಂಗಳು ಅಂತ ಹೊಂದಿಸಿದ. ಅಂದರೆ 19 ವರ್ಷದಲ್ಲಿ ಏಳು ತಿಂಗಳು ಜಾಸ್ತಿ. ಅಂಥದ್ದೊಂದು ಸುತ್ತು ನನ್ನ ಲೋಕಕ್ಕೂ ಬೇಕಿತ್ತು, ಸಿಕ್ಕಿದೆ: 7 ವರ್ಷಕ್ಕೆ 87 ತಿಂಗಳು. ಮೂರು ತಿಂಗಳು ಹೆಚ್ಚು.

ಆ ಮೂರನ್ನು ಎಲ್ಲಿ ಹಾಕಬೇಕು? ವರ್ಷದ ಕೊನೆಗೆ ಬಾಕಿ ಒಂದು ತಿಂಗಳಷ್ಟಾದರೆ ಸೇರಿಸಬೇಕು, ಇಷ್ಟೇ ನಿಯಮ. ಎರಡು ವರ್ಷಕ್ಕೆ ಬಾಕಿ 26.8 ದಿನ, ಸಾಲದು. ಮೂರನೆಯ ವರ್ಷಕ್ಕೆ 40.2. ಒಂದು ತಿಂಗಳು ಸೇರಿಸಿದರೆ 8.95 ಉಳಿಯುತ್ತದೆ. ಐದನೆಯ ವರ್ಷದ ಕೊನೆಗೆ ಅದು 35.75 ಆಗುತ್ತದೆ, ಇನ್ನೊಂದು ತಿಂಗಳು ಸೇರಿಸಿ 4.5. ಏಳನೆಯ ವರ್ಷಕ್ಕೆ 31.3, ಮತ್ತೊಂದು ತಿಂಗಳು. ಕೊನೆಗೆ ಉಳಿಯುವುದು 0.05 ದಿನ. ನನ್ನ ಲೋಕದ ಕಡಲ ಕಡೆಯವರು ಇದನ್ನು ಮಕ್ಕಳಿಗೆ ಬಾಯಿಪಾಠ ಮಾಡಿಸುತ್ತಾರೆ: ಮೂರು, ಐದು, ಏಳು. ಗುಡ್ಡದವರು ಬಾಯಿಪಾಠ ನಂಬುವುದಿಲ್ಲ. ಕಂಬ ನೆಟ್ಟು, ನೆರಳು ಅಳೆದು, ಬಾಕಿ ಎಷ್ಟು ಅಂತ ಪ್ರತಿ ವರ್ಷ ನೋಡುತ್ತಾರೆ.

ಹೆಚ್ಚಿನ ತಿಂಗಳಿಗೆ ಎರವಲು ತಿಂಗಳು ಅಂತ ಹೆಸರಿಟ್ಟಿದ್ದೇನೆ. ವರ್ಷಕ್ಕಿಷ್ಟು ಅಂತ ಕೂಲಿ ಪಡೆಯುವ ಆಳಿಗೆ ಅದು ಬಿಟ್ಟಿ ದುಡಿಮೆಯ ತಿಂಗಳು. ತಿಂಗಳ ಲೆಕ್ಕದಲ್ಲಿ ಬಡ್ಡಿ ಕಟ್ಟುವವನಿಗೆ ಇನ್ನೊಂದು ಕಂತು. ಹಾಗಾಗಿ ಅದು ಯಾವಾಗ ಬರುತ್ತದೆ ಅಂತ ಹೇಳುವವನ ಕೈಯಲ್ಲಿ ನಿಜವಾದ ಅಧಿಕಾರ ಇರುತ್ತದೆ. ರೋಮಿನಲ್ಲಿ ಈ ತೀರ್ಮಾನ ಪುರೋಹಿತರ ಮಂಡಳಿಯ ಕೈಯಲ್ಲಿತ್ತು. ಕೊನೆಗೆ ಲೆಕ್ಕ ಎಷ್ಟು ಕೆಟ್ಟಿತ್ತೆಂದರೆ, ಅದನ್ನು ಸರಿ ಮಾಡಲು ಜೂಲಿಯಸ್ ಸೀಸರ್ ಕ್ರಿ.ಪೂ. 46ನೆಯ ವರ್ಷವನ್ನು 445 ದಿನಕ್ಕೆ ಎಳೆಯಬೇಕಾಯಿತು. ಅಧಿಕ ಮಾಸದ ನಿಯಮ ನನಗೆ ಇಷ್ಟವಾಗುವುದು ಇದಕ್ಕೇ. ಯಾವ ಚಾಂದ್ರಮಾಸದಲ್ಲಿ ಸೂರ್ಯ ರಾಶಿ ದಾಟುವುದಿಲ್ಲವೋ ಅದೇ ಅಧಿಕ. ಯಾರೋ ಕೂತು ತೀರ್ಮಾನಿಸುವಂತಿಲ್ಲ, ಲೆಕ್ಕ ಹಾಕಿದರೆ ಸಾಕು.

ಈಗ ಆ 0.05 ದಿನದ ವಿಷಯ. 140 ವರ್ಷಕ್ಕೆ ಒಂದು ದಿನ ಬಾಕಿ ಬೀಳುತ್ತದೆ. 1582ರಲ್ಲಿ ಗ್ರೆಗೋರಿಯನ್ ಕ್ಯಾಲೆಂಡರ್ ತರುವಾಗ ಅಕ್ಟೋಬರ್ 4ರ ಮರುದಿನವನ್ನು 15 ಅಂತ ಕರೆದು 10 ದಿನ ಬಿಟ್ಟರಲ್ಲ, ಹಾಗೇ ಇಲ್ಲೂ ಆಗಾಗ ಒಂದೊಂದು ದಿನ ಸೇರಿಸಬಹುದು ಅನ್ನಿಸುತ್ತದೆ. ಆದರೆ ಆಗುವುದಿಲ್ಲ. ದಿನ ಸೇರಿಸಿದರೆ ತಿಂಗಳು ಹುಣ್ಣಿಮೆಯನ್ನು ಬಿಟ್ಟು ಜಾರುತ್ತದೆ. ಬಾಕಿಯನ್ನು ಹೊತ್ತುಕೊಂಡೇ ಹೋಗಬೇಕು. 89 ಸುತ್ತು, ಅಂದರೆ 623 ವರ್ಷ ಕಳೆದಾಗ ಅದು 4.45 ದಿನ. ಮುಂದಿನ ಸುತ್ತಿನ ಎರಡನೆಯ ವರ್ಷದ ಕೊನೆಗೆ 26.8ಕ್ಕೆ ಇದು ಸೇರಿ ಸರಿಯಾಗಿ 31.25. ತಿಂಗಳು ತುಂಬಿತು! ಗುಡ್ಡದವರು 625ರ ಕೊನೆಗೇ ಎರವಲು ತಿಂಗಳು ಹಾಕುತ್ತಾರೆ. ಕಡಲವರು ಮೂರು-ಐದು-ಏಳು ಬಿಡುವುದಿಲ್ಲ. 626ನೆಯ ವರ್ಷ ಪೂರ್ತಿ ಇಬ್ಬರಿಗೂ ಒಂದು ತಿಂಗಳ ಅಂತರ. ನನ್ನ ಕಾದಂಬರಿ ನಡೆಯುವುದು ಆ ವರ್ಷದಲ್ಲೇ.

ಎರಡು ಕಡೆಯವರ ನಡುವೆ ಒಂದು ಹಳೆಯ ಒಪ್ಪಂದ ಇದೆ. 626ರ ಒಂಬತ್ತನೆಯ ತಿಂಗಳ ಮೊದಲ ದಿನದವರೆಗೆ ಯಾರೂ ಆಯುಧ ಎತ್ತುವಂತಿಲ್ಲ. ಕಡಲವರು ಆ ದಿನ ಕಾದು, ಮಾತು ತಪ್ಪದೆ, ದೋಣಿ ಇಳಿಸುತ್ತಾರೆ. ಗುಡ್ಡದವರ ಲೆಕ್ಕದಲ್ಲಿ ಇನ್ನೂ ಒಂದು ತಿಂಗಳು ಇದೆ, ಇದು ಅವರಿಗೆ ದ್ರೋಹ. ಇಬ್ಬರೂ ಪ್ರಾಮಾಣಿಕರು. ಕೆಟ್ಟವರೇ ಇಲ್ಲದ ಯುದ್ಧ ಬರೆಯಬೇಕು ಅಂತ ಬಹಳ ಕಾಲದಿಂದ ಆಸೆ ಇತ್ತು, ಅದಕ್ಕೆ ಕಾರಣ ಈ ಲೆಕ್ಕದಲ್ಲೇ ಸಿಕ್ಕಿದೆ.

ಹುಣ್ಣಿಮೆಗಳ ಕೆಲಸವೂ ಮುಗಿದಿದೆ. 250 ದಿನಕ್ಕೊಮ್ಮೆ, ಅಂದರೆ 8 ತಿಂಗಳು ಅಥವಾ 25 ವಾರಕ್ಕೊಮ್ಮೆ, ಅವ್ವ ಮತ್ತು ಕೂಸು ಒಂದೇ ರಾತ್ರಿ ತುಂಬುತ್ತವೆ. ಅದು ಮಡಿಲ ಹುಣ್ಣಿಮೆ. ಸರಿಯಾಗಿ ನಡುವೆ, 125ನೆಯ ದಿನ, ಅವ್ವನಿಗೆ ಹುಣ್ಣಿಮೆ, ಕೂಸಿಗೆ ಅಮಾವಾಸ್ಯೆ. ಅವ್ವ ಒಂಟಿಯಾಗಿ ಮೂಡುತ್ತಾಳೆ. ಅವತ್ತು ಅಲ್ಲಿ ಯಾರೂ ಮಗುವನ್ನು ಬಿಟ್ಟು ಹೊರಗೆ ಹೋಗುವುದಿಲ್ಲ.

ಮೊದಲ ವರ್ಷದ ಮೊದಲ ದಿನ ಮಡಿಲ ಹುಣ್ಣಿಮೆ ಅಂತ ಇಟ್ಟು ಸ್ಪ್ರೆಡ್‌ಶೀಟಿನಲ್ಲಿ ಮುಂದೆ ಓಡಿಸಿದೆ. 625 ವರ್ಷಕ್ಕೆ 2,42,750 ದಿನ. ಅದನ್ನು 250ರಿಂದ ಭಾಗಿಸಿದರೆ ಶೇಷವೇ ಇಲ್ಲ, 971! ಗುಡ್ಡದವರ 626ನೆಯ ವರ್ಷ ಮಡಿಲ ಹುಣ್ಣಿಮೆಯಂದೇ ಶುರುವಾಗುತ್ತದೆ. ಅವರ ಒಂಬತ್ತನೆಯ ತಿಂಗಳ ಮೊದಲ ದಿನ ಅದರ ಮುಂದಿನ ಮಡಿಲ ಹುಣ್ಣಿಮೆ. ಇದನ್ನು ನಾನು ಹೊಂದಿಸಿರಲಿಲ್ಲ. ನೋಡಿ ಮೈ ಜುಮ್ಮೆಂದಿತು. ಆಕಾಶವೇ ತಮ್ಮ ಪರ ಸಾಕ್ಷಿ ಹೇಳಿತು ಅಂತ ಗುಡ್ಡದವರು ನಂಬುತ್ತಾರೆ, ನಂಬದೆ ಇರಲು ಸಾಧ್ಯವೇ?

ಯುದ್ಧದ ನಂತರ ಇಬ್ಬರೂ ಒಪ್ಪಂದಗಳಿಗೆ ತಿಂಗಳ ಹೆಸರು ಬರೆಯುವುದನ್ನು ಬಿಟ್ಟು, ಎಷ್ಟನೆಯ ಮಡಿಲು ಅಂತ ಬರೆಯಲು ಶುರು ಮಾಡುತ್ತಾರೆ. ಆ ಎಣಿಕೆಗೆ ಎರವಲು ಬೇಕಿಲ್ಲ. ಸದ್ಯ ಹಳೆಯ ಅಧ್ಯಾಯಗಳ ತಾರೀಖುಗಳನ್ನೆಲ್ಲ ಮೂರು ಲೆಕ್ಕದಲ್ಲೂ ಬರೆದ ಒಂದು ಪಟ್ಟಿ ಮಾಡುತ್ತಿದ್ದೇನೆ. ಅದು ಮುಗಿದ ಮೇಲೆ ತಿಂಗಳ ಹೆಸರುಗಳು, ಆಮೇಲೆ ದಿನದೊಳಗಿನ ಗಳಿಗೆಗಳು.