ಯಾಖಿಮೊವ್‌ನ ಶೆಡ್ಡಿನಲ್ಲಿ ಕಂಡ ಹಸಿರು

ಮಗಳು ಜರ್ಮನಿಯ ಕೆಮ್ನಿಟ್ಸ್‌ನಲ್ಲಿ ಓದುತ್ತಿದ್ದಾಳೆ. ಬೇಸಿಗೆ ರಜೆಗೆ ಅವಳ ಹತ್ತಿರ ಹೋದಾಗ, "ಅಮ್ಮ, ಪ್ಯಾರಿಸ್‌ಗೆ ಹೋಗೋಣ್ವಾ?" ಅಂತ ಕೇಳಿದಳು. ನಾನು ಯಾಖಿಮೊವ್ ಅಂದೆ. ಅವಳು ಆ ಹೆಸರನ್ನೇ ಕೇಳಿರಲಿಲ್ಲ.

ನಾನು ಶಹಾಪುರದಲ್ಲಿ 26 ವರ್ಷ ಪಿಯುಸಿ ಮಕ್ಕಳಿಗೆ ರಸಾಯನಶಾಸ್ತ್ರ ಹೇಳಿಕೊಟ್ಟವಳು. ಪ್ರತಿ ವರ್ಷ ವಿಕಿರಣದ ಪಾಠ ಬಂದಾಗ ಮೇರಿ ಕ್ಯೂರಿಯ ಕಥೆ ಹೇಳುತ್ತಿದ್ದೆ. 1898ರಲ್ಲಿ ಪೊಲೋನಿಯಂ, ಆಮೇಲೆ ರೇಡಿಯಂ. ಟನ್‌ಗಟ್ಟಲೆ ಯುರೇನಿಯಂ ಅದಿರನ್ನು ಕುದಿಸಿ, ಸೋಸಿ, 1902ರ ಹೊತ್ತಿಗೆ ಕೈಗೆ ಬಂದದ್ದು ಒಂದು ಗ್ರಾಂನ ಹತ್ತನೇ ಒಂದು ಭಾಗ ರೇಡಿಯಂ ಕ್ಲೋರೈಡ್. ಆ ಅದಿರು ಬಂದದ್ದು ಯಾಖಿಮೊವ್‌ನಿಂದ. ಇವತ್ತು ಅದು ಚೆಕ್ ದೇಶದ ಒಂದು ಪುಟ್ಟ ಊರು. ಆಗ ಆಸ್ಟ್ರಿಯಾ-ಹಂಗೆರಿಯಲ್ಲಿತ್ತು, ಹೆಸರು ಯೋಆಖಿಮ್ಸ್‌ಟಾಲ್. ಇಷ್ಟು ವರ್ಷ ಬರೀ ಬಾಯಲ್ಲಿ ಹೇಳಿದ ಊರನ್ನು ಒಮ್ಮೆ ಕಣ್ಣಲ್ಲಿ ನೋಡಬೇಕಿತ್ತು.

ಪ್ರಾಗ್‌ನಲ್ಲಿ ಎರಡು ದಿನ, ಕಾರ್ಲೊವಿ ವಾರಿಯಲ್ಲಿ ಒಂದು ದಿನ ಕಳೆದೆವು. ಪ್ರಾಗ್ ಚೆನ್ನಾಗಿದೆ, ಬೇಕಾದಷ್ಟು ಜನ ಬರೆದಿದ್ದಾರೆ. ಕಾರ್ಲೊವಿ ವಾರಿಯಲ್ಲಿ ಎಲ್ಲರೂ ಮೂತಿ ಇರುವ ಪಿಂಗಾಣಿ ಲೋಟ ಹಿಡಿದು ಬಿಸಿನೀರಿನ ಊಟೆಗಳ ನೀರು ಕುಡಿಯುತ್ತಾ ಅಡ್ಡಾಡುತ್ತಾರೆ. ಉಪ್ಪುಪ್ಪು, ಕಬ್ಬಿಣದ ವಾಸನೆ. ನನಗೆ ಒಂದು ಗುಟುಕು ಇಳಿಯಲಿಲ್ಲ. ಅಲ್ಲಿನ ತೆಳು ಬಿಸ್ಕತ್ತು ಮಾತ್ರ ಚೆನ್ನಾಗಿತ್ತು, ಎರಡು ಡಬ್ಬಿ ತಂದೆ.

ಅಲ್ಲಿಂದ ಯಾಖಿಮೊವ್ ಸುಮಾರು 20 ಕಿಲೋಮೀಟರ್. ಬಸ್ಸಿನಲ್ಲಿ ಗಂಟೆಯೊಳಗೆ ತಲುಪಿದೆವು. ಕಣಿವೆಯಲ್ಲಿ ಉದ್ದಕ್ಕೆ ಚಾಚಿಕೊಂಡ ಊರು. ಕೆಳಗೆ ರೇಡಾನ್ ಎಂಬ ವಿಕಿರಣಶೀಲ ಅನಿಲ ಬೆರೆತ ನೀರಿನ ಚಿಕಿತ್ಸಾಲಯಗಳು, 1912ರಲ್ಲಿ ತೆರೆದ ರೇಡಿಯಂ ಪ್ಯಾಲೇಸ್ ಎಂಬ ಭಾರಿ ಹೋಟೆಲು. ಏರು ಹತ್ತಿದರೆ ಹಳೇ ಊರು, ಚರ್ಚು, ರಾಜರ ಟಂಕಸಾಲೆ. 1520ರ ಸುಮಾರಿಗೆ ಇಲ್ಲಿನ ಬೆಳ್ಳಿಯಿಂದ ಅಚ್ಚು ಹಾಕಿದ ನಾಣ್ಯಕ್ಕೆ ಊರಿನ ಹೆಸರಿನಿಂದಲೇ ಟಾಲರ್ ಅಂತ ಹೆಸರು ಬಂತು. ಅದೇ ಮುಂದೆ ಡಾಲರ್ ಆಯಿತು. ಇನ್ನೂ ಮೇಲೆ ಹೋದರೆ ಸ್ವೊರ್ನೊಸ್ಟ್ ಗಣಿ. ಹದಿನಾರನೇ ಶತಮಾನದಲ್ಲಿ ಬೆಳ್ಳಿಗಾಗಿ ತೋಡಿದ್ದು. ಇವತ್ತು ಅದರ ಆಳದಿಂದ ರೇಡಾನ್ ನೀರು ಮೇಲೆತ್ತಿ ಚಿಕಿತ್ಸಾಲಯದ ತೊಟ್ಟಿಗಳಿಗೆ ಬಿಡುತ್ತಾರೆ. ಕೀಲುನೋವಿನವರು ಅದರಲ್ಲಿ ಮುಳುಗಿ ಕೂರುತ್ತಾರೆ.

ನಾವು ಉಳಿದುಕೊಂಡ ಮನೆಯ ಮಾಲೀಕರು ಎಂಬತ್ತು ದಾಟಿದ ಅಜ್ಜ. ವಯಸ್ಸಿನಲ್ಲಿದ್ದಾಗ ಗಣಿಯ ನೀರಿನ ಪೈಪುಗಳ ಕೆಲಸ ಮಾಡಿದವರು. ಜರ್ಮನ್ ಬರುತ್ತಿತ್ತು, ಹಾಗಾಗಿ ಮಗಳು ಮಧ್ಯೆ ಕೂತು ಅನುವಾದ ಮಾಡಿದಳು. ರಾತ್ರಿ ಊಟಕ್ಕೆ ನಾವು ತಂದಿದ್ದ ಶೇಂಗಾ ಹೋಳಿಗೆ ಕೊಟ್ಟೆ. ಅದನ್ನು ನಿಧಾನಕ್ಕೆ ಮುರಿದು ತಿನ್ನುತ್ತಾ, ಯಾಕೆ ಇಷ್ಟು ದೂರ ಬಂದಿರಿ ಅಂತ ಕೇಳಿದರು. ಪಾಠದ ವಿಷಯ ಹೇಳಿದೆ. ಕೇಳಿಸಿಕೊಂಡು ಸುಮ್ಮನೆ ಎದ್ದರು. "ಬನ್ನಿ, ಒಂದು ತೋರಿಸ್ತೀನಿ" ಅಂದರು.

ಮನೆಯ ಹಿಂದೆ ಒಂದು ಶೆಡ್. ಒಳಗೆ ಹೋದ ತಕ್ಷಣ ಕಿಟಕಿ, ಬಾಗಿಲು ಎಲ್ಲ ತೆರೆದು ಸ್ವಲ್ಪ ಹೊತ್ತು ಗಾಳಿ ಆಡಲು ಬಿಟ್ಟರು. ರೇಡಾನ್ ಕಟ್ಟಿಕೊಂಡಿರುತ್ತದಂತೆ. ಆಮೇಲೆ ಬೀರುವಿನಿಂದ ಮುಚ್ಚಳ ಇರುವ ಒಂದು ಪ್ಲಾಸ್ಟಿಕ್ ಪೆಟ್ಟಿಗೆ ತೆಗೆದರು. ಅದರಲ್ಲಿ ಅಂಗೈಯಗಲದ ಬೂದು ಕಲ್ಲು. ಮೇಲೆ ಅಲ್ಲಲ್ಲಿ ಹಳದಿ-ಹಸಿರು ಪುಡಿ ಅಂಟಿದ ಹಾಗಿತ್ತು. ಭೂತಗನ್ನಡಿಯಲ್ಲಿ ನೋಡಿದೆ. ಪುಡಿ ಅಲ್ಲ, ತೆಳ್ಳನೆ ಚಕ್ಕೆಗಳು. ಒಂದರ ಪಕ್ಕ ಒಂದು ನಿಂತು ಪುಟ್ಟ ಪುಟ್ಟ ಹೂಗಳಾಗಿದ್ದವು. ಮುಟ್ಟಿದರೆ ಉದುರುವಷ್ಟು ಮೆತ್ತಗೆ.

"ಶ್ರೋಕಿಂಗರೈಟ್" ಅಂದರು.

ಯುರೇನಿಯಂ ಇರುವ ಒಂದು ಖನಿಜ. ಹೆಸರು ಓದಿದ್ದೆ, ನೋಡಿರಲಿಲ್ಲ. 1873ರಲ್ಲಿ ಆಲ್ಬ್ರೆಖ್ಟ್ ಶ್ರಾಫ್ ಎಂಬ ವಿಜ್ಞಾನಿ ಇದೇ ಊರಿನ ಕಲ್ಲಿನಲ್ಲಿ ಇದನ್ನು ಗುರುತಿಸಿ, ಖನಿಜಗಳಲ್ಲಿ ಆಸಕ್ತಿ ಇದ್ದ ಯೂಲಿಯುಸ್ ಶ್ರೋಕಿಂಗರ್ ಎಂಬ ಆಸ್ಟ್ರಿಯಾದ ಅಧಿಕಾರಿಯ ಹೆಸರಿಟ್ಟರು. ಹೆಸರಿಟ್ಟ ಶ್ರಾಫ್ ಅವರ ಹೆಸರಿನಲ್ಲೂ ಮುಂದೆ ಒಂದು ಯುರೇನಿಯಂ ಕಾರ್ಬೊನೇಟ್ ಬಂತು. ಅದು ಸಿಕ್ಕಿದ್ದೂ ಇಲ್ಲೇ.

ಇದರ ರಾಸಾಯನಿಕ ಸೂತ್ರ ನೋಡಿದರೆ ರಸಾಯನಶಾಸ್ತ್ರದವರಿಗೆ ಖುಷಿಯಾಗುತ್ತದೆ. ಒಂದು ಸೋಡಿಯಂ, ಮೂರು ಕ್ಯಾಲ್ಸಿಯಂ, ಒಂದು ಯುರೇನೈಲ್ (ಆಮ್ಲಜನಕ ಸೇರಿದ ಯುರೇನಿಯಂ), ಮೂರು ಕಾರ್ಬೊನೇಟ್, ಒಂದು ಸಲ್ಫೇಟ್, ಒಂದು ಫ್ಲೋರಿನ್, ಜೊತೆಗೆ ಹತ್ತು ನೀರಿನ ಅಣು. ಕಾರ್ಬೊನೇಟು, ಸಲ್ಫೇಟು, ಫ್ಲೋರೈಡು ಮೂರೂ ಒಂದೇ ಹರಳಿನಲ್ಲಿ ಕೂರುವುದು ಅಪರೂಪ. ಅಲ್ಲೇ ಕಾಗದದ ಮೇಲೆ ಲೆಕ್ಕ ಹಾಕಿದೆ. ತೂಕದಲ್ಲಿ ಶೇಕಡ 27ರಷ್ಟು ಯುರೇನಿಯಂ, ಶೇಕಡ 20ರಷ್ಟು ನೀರು. ಅಂದರೆ ಐದನೇ ಒಂದು ಭಾಗ ಬರೀ ನೀರು! ತೀರಾ ಒಣ ಜಾಗದಲ್ಲಿಟ್ಟರೆ ಆ ನೀರು ಹೋಗಿ ಚಕ್ಕೆ ಹಾಳಾಗುತ್ತದೆ. ಮಳೆಗೆ ಸಿಕ್ಕರಂತೂ ಉಳಿಯುವುದಿಲ್ಲ. ಅದಕ್ಕೇ ಅಜ್ಜ ಅದನ್ನು ಪೆಟ್ಟಿಗೆಯಲ್ಲಿ ಮುಚ್ಚಿಟ್ಟಿದ್ದರು.

ದೀಪ ಆರಿಸಿದರು. ನಾನು ನನ್ನ ಯುವಿ, ಅಂದರೆ ಅತಿನೇರಳೆ ಬೆಳಕಿನ, ಟಾರ್ಚ್ ತೆಗೆದೆ. ಇದರ ಬಗ್ಗೆ ಎರಡು ಮಾತು ಹೇಳಲೇಬೇಕು, ಇವತ್ತಿಗೂ ಹೊಟ್ಟೆ ಉರಿಯುತ್ತದೆ. ಹೊರಡುವ ಮುಂಚೆ ಆನ್‌ಲೈನಿನಲ್ಲಿ "ಖನಿಜ ನೋಡಲು" ಅಂತ ಬರೆದಿದ್ದನ್ನು ನಂಬಿ ಕೊಂಡಿದ್ದೆ. ಹೊತ್ತಿಸಿದರೆ ಇಡೀ ಶೆಡ್ಡು ನೇರಳೆ ಬಣ್ಣ. ಕಲ್ಲೂ ನೇರಳೆ, ನನ್ನ ಕೈಯೂ ನೇರಳೆ. ಚಕ್ಕೆಗಳು ಎಲ್ಲೋ ಮಸುಕಾಗಿ ಹಸಿರಾದಂತೆ ಕಂಡವು, ಅಷ್ಟೇ. ಅದು 395 ನ್ಯಾನೋಮೀಟರ್ ತರಂಗಾಂತರದ ಟಾರ್ಚ್. ಅದರ ಬೆಳಕಿನಲ್ಲಿ ಕಣ್ಣಿಗೆ ಕಾಣುವ ನೇರಳೆಯೇ ಜಾಸ್ತಿ, ಅದು ಎಲ್ಲವನ್ನೂ ಮುಚ್ಚಿಬಿಡುತ್ತದೆ. ನೀವು ಕೊಳ್ಳುವುದಾದರೆ 365 ನ್ಯಾನೋಮೀಟರಿನದ್ದು, ಮುಂದೆ ಕಪ್ಪು ಗಾಜಿನ ಫಿಲ್ಟರ್ ಇರುವುದನ್ನೇ ಕೊಳ್ಳಿ. ದುಡ್ಡು ಜಾಸ್ತಿಯಾದರೂ ಪರವಾಗಿಲ್ಲ. ಕಣ್ಣಿಗೆ ಕನ್ನಡಕವೂ ಇರಲಿ.

ಅಜ್ಜ ನನ್ನ ಟಾರ್ಚನ್ನು ಮೆಲ್ಲಗೆ ಕೈಯಿಂದ ತೆಗೆದುಕೊಂಡು ಪಕ್ಕಕ್ಕಿಟ್ಟರು. ತಮ್ಮದನ್ನು ಹೊತ್ತಿಸಿದರು.

ಕತ್ತಲು ಹಾಗೇ ಇತ್ತು. ಕಲ್ಲು ಕಾಣಲಿಲ್ಲ, ಅಜ್ಜನ ಕೈ ಕಾಣಲಿಲ್ಲ. ಆ ಹೂಗಳು ಮಾತ್ರ ಕಂಡವು. ಎಳೇ ಬಾಳೆ ಸುಳಿಯ ಹಸಿರಿಗೆ ಸ್ವಲ್ಪ ಹಳದಿ ಬೆರೆಸಿದ ಬಣ್ಣ, ಒಳಗಿನಿಂದ ಉರಿಯುತ್ತಿದ್ದ ಹಾಗೆ. ದೀಪದ ಬೆಳಕಿನಲ್ಲಿ ಕಣ್ಣಿಗೆ ಬಿದ್ದಿರದ ಚಿಕ್ಕ ಚುಕ್ಕೆಗಳೂ ಕಲ್ಲಿನ ಸೀಳುಗಳ ಉದ್ದಕ್ಕೆ ಸಾಲಾಗಿ ಎದ್ದು ನಿಂತವು. ಮಗಳು "ಅಯ್ಯೋ ಅಮ್ಮ" ಅಂದಳು. ನನಗೆ ಮಾತು ಹೊರಡಲಿಲ್ಲ. ಟಾರ್ಚ್ ಆರಿಸಿದರು. ಆ ಕ್ಷಣವೇ ಹಸಿರು ಹೋಯಿತು. "ಇನ್ನೊಂದು ಸಲ" ಅಂದೆ. ಅಜ್ಜ ಬೇಸರವಿಲ್ಲದೆ ನಾಲ್ಕೈದು ಸಲ ತೋರಿಸಿದರು.

ವಿಕಿರಣದಿಂದ ಹೀಗೆ ಹೊಳೆಯುತ್ತದೆ ಅಂತ ಜನ ಅಂದುಕೊಳ್ಳುತ್ತಾರೆ. ನನ್ನ ವಿದ್ಯಾರ್ಥಿಗಳೂ ಹಾಗೇ ಬರೆಯುತ್ತಿದ್ದರು. ಅದು ಹಾಗಲ್ಲ. ಒಂದು ಯುರೇನಿಯಂಗೆ ಎರಡು ಆಮ್ಲಜನಕ ಆಚೆ ಈಚೆ ನೇರವಾಗಿ ಅಂಟಿಕೊಂಡದ್ದೇ ಯುರೇನೈಲ್. ಅದರ ಸೊಂಟದ ಸುತ್ತ ಮೂರು ಕಾರ್ಬೊನೇಟುಗಳು ಕೂತಿರುತ್ತವೆ. ಯುರೇನೈಲ್ ನಮಗೆ ಕಾಣದ ಬೆಳಕನ್ನು ನುಂಗಿ, ಕಾಣುವ ಹಸಿರನ್ನು ವಾಪಸ್ ಕೊಡುತ್ತದೆ. ಪುಸ್ತಕದಲ್ಲಿ ಪ್ರತಿದೀಪ್ತಿ ಅಂತ ಇರುತ್ತದೆ. ಟಾರ್ಚ್ ಆರಿದರೆ ಹೊಳಪೂ ಆರುತ್ತದೆ. ವಿಕಿರಣ ಮಾತ್ರ ಕತ್ತಲಲ್ಲೂ ಸದ್ದಿಲ್ಲದೆ ನಡೆದೇ ಇರುತ್ತದೆ.

"ಇದು ಎಷ್ಟು ಹಳೇದು?" ಅಂತ ಕೇಳಿದೆ. ಕೋಟಿಗಟ್ಟಲೆ ವರ್ಷದ ಉತ್ತರ ಬರುತ್ತದೆ ಅಂದುಕೊಂಡಿದ್ದೆ.

ಅಜ್ಜ ತಲೆ ಆಡಿಸಿದರು. "ಇದು ನನಗಿಂತ ಚಿಕ್ಕದು."

ಮಗಳು ಸರಿಯಾಗಿ ಅನುವಾದ ಮಾಡಿದಳಾ ಅಂತ ಅನುಮಾನ ಬಂತು. ಮತ್ತೆ ಕೇಳಿಸಿದೆ. ಅದೇ ಉತ್ತರ.

ಆಮೇಲೆ ವಿವರಿಸಿದರು. ಬೆಟ್ಟದೊಳಗಿನ ಕಪ್ಪು ಪಿಚ್‌ಬ್ಲೆಂಡ್, ಅಂದರೆ ಯುರೇನಿಯಂ ಅದಿರು, ಬಹಳ ಹಳೇದು. ಬೆಳ್ಳಿ ಹುಡುಕುತ್ತಿದ್ದವರಿಗೆ ಅದು ಬೇಡದ ಕಲ್ಲು. ಜರ್ಮನ್‌ನಲ್ಲಿ ಪೆಖ್ ಅಂದರೆ ಡಾಂಬರೂ ಹೌದು, ದುರದೃಷ್ಟವೂ ಹೌದು. ಅದು ಕಂಡರೆ ಬೆಳ್ಳಿ ಮುಗಿಯಿತು ಅಂತ ಅರ್ಥ. ಮನುಷ್ಯ ಸುರಂಗ ತೋಡಿದ ಮೇಲೆ ಆ ಕಲ್ಲಿಗೆ ಗಾಳಿ ತಾಗಿತು, ನೀರು ತಾಗಿತು. ಕರಗದೆ ಕೂತಿದ್ದ ಯುರೇನಿಯಂ ಗಾಳಿಯ ಆಮ್ಲಜನಕ ಸೇರಿ ಯುರೇನೈಲ್ ಆಯಿತು. ಬಿರುಕುಗಳಲ್ಲಿರುವ ಡಾಲಮೈಟ್ ಎಂಬ ಕಲ್ಲಿನಿಂದ ಕಾರ್ಬೊನೇಟು, ಕ್ಯಾಲ್ಸಿಯಂ ಬಂದವು. ಪೈರೈಟ್ ಎಂಬ ಗಂಧಕ ಇರುವ ಕಲ್ಲು ಕೆಟ್ಟು ಸಲ್ಫೇಟ್ ಬಂತು. ಫ್ಲೋರೈಟ್ ಕಲ್ಲು ಫ್ಲೋರಿನ್ ಕೊಟ್ಟಿತು. ಇವೆಲ್ಲ ನೀರಿನಲ್ಲಿ ಸೇರಿ ಗೋಡೆಯ ಮೇಲೆ ಜಿನುಗಿದವು. ಸುರಂಗದಲ್ಲಿ ಗಾಳಿ ಆಡುವ ಕಡೆ ನೀರು ಆರಿತು, ಹಳದಿ ಉಳಿಯಿತು. ನಮ್ಮ ಕಡೆ ಮಳೆಗಾಲ ಮುಗಿದ ಮೇಲೆ ಗೋಡೆಗೆ ಚೌಳು ಹತ್ತುವುದಿಲ್ಲವಾ, ಥೇಟ್ ಹಾಗೆ.

"ಗೋಡೆ ಒರೆಸಿ ಹೋಗಿ ಕೆಲವು ವರ್ಷದ ಮೇಲೆ ಬಂದರೆ ಮತ್ತೆ ಹಳದಿ ಹತ್ತಿರುತ್ತಿತ್ತು" ಅಂದರು ಅಜ್ಜ.

ಇದು ಬೇರೆ ಕಡೆಯೂ ಸಿಗುತ್ತದೆ. ಅಮೆರಿಕದ ವಯೋಮಿಂಗ್‌ನಲ್ಲಿ ಜೇಡಿಮಣ್ಣಿನೊಳಗೆ ಉಂಡೆ ಉಂಡೆಯಾಗಿ ಸಿಕ್ಕಾಗ ಹೊಸ ಖನಿಜ ಅಂದುಕೊಂಡು 1937ರಲ್ಲಿ ಡೇಕೈಟ್ ಅಂತ ಹೆಸರಿಟ್ಟಿದ್ದರು. ಎರಡೂ ಒಂದೇ ಅಂತ ಗೊತ್ತಾದ ಮೇಲೆ ಆ ಹೆಸರು ಬಿದ್ದುಹೋಯಿತು. ಲೀಬಿಗೈಟ್, ಆಂಡರ್‌ಸನೈಟ್ ಇವೆಲ್ಲ ಇದರ ದಾಯಾದಿಗಳು, ಅವೂ ಹಸಿರಾಗಿ ಹೊಳೆಯುತ್ತವೆ. ಕಣ್ಣಲ್ಲಿ ನೋಡಿ ಇದೇ ಅಂತ ಹೇಳುವುದು ಕಷ್ಟ, ಎಕ್ಸ್‌-ರೇ ಪರೀಕ್ಷೆ ಬೇಕು. ಅಜ್ಜನ ಪೆಟ್ಟಿಗೆಯೊಳಗೆ ಆ ಪರೀಕ್ಷೆಯ ಚೀಟಿಯೂ ಇತ್ತು.

ಒಂದು ಚಕ್ಕೆಗೆ ಆಮ್ಲದ ಹನಿ ಬಿಟ್ಟು ನೊರೆ ಬರುವುದನ್ನು ನೋಡಬಹುದಾ ಅಂತ ಕೇಳಿದೆ. ಕಾರ್ಬೊನೇಟ್ ಅಲ್ವಾ, ನೊರೆ ಬರಲೇಬೇಕು. ಅಜ್ಜ ಪೆಟ್ಟಿಗೆ ಹತ್ತಿರಕ್ಕೆ ಎಳೆದುಕೊಂಡರು. "ಅಷ್ಟು ಜಾಸ್ತಿ ಇಲ್ಲ" ಅಂದರು. ಕೇಳಬಾರದಿತ್ತು ಅನ್ನಿಸಿತು.

ಹೊರಗೆ ಬಂದು ಮೂವರೂ ಸೋಪು ಹಚ್ಚಿ ಕೈ ತೊಳೆದೆವು. ಆಮೇಲೆ ಬೆಂಚಿನ ಮೇಲೆ ಕೂತು ನಾನು ಗೋಗಿಯ ವಿಷಯ ಹೇಳಿದೆ. ಶಹಾಪುರದ ಹತ್ತಿರದ ಊರು. ಪರಮಾಣು ಖನಿಜ ನಿರ್ದೇಶನಾಲಯದವರು ಅಲ್ಲಿ ಯುರೇನಿಯಂ ಪತ್ತೆ ಮಾಡಿದ್ದಾರೆ. ಭೀಮಾ ತೀರದ ಸುಣ್ಣಕಲ್ಲಿನಲ್ಲೂ ಅದು ಇದೆ. ನಮ್ಮ ಮನೆಯ ನೆಲಕ್ಕೆ ಹಾಸಿದ ಶಹಾಬಾದ್ ಕಲ್ಲು ಅದೇ ಕಲ್ಲುಗಳ ಬಳಗದ್ದು. ಸುಣ್ಣಕಲ್ಲು ಅಂದರೆ ಕಾರ್ಬೊನೇಟೇ. ಕಾರ್ಬೊನೇಟ್ ಇರುವ ನೀರಿನಲ್ಲಿ ಯುರೇನಿಯಂ ಸುಲಭವಾಗಿ ಕರಗಿ ಮುಂದೆ ಹೋಗುತ್ತದೆ. ಅಜ್ಜ ಇದೆಲ್ಲ ಕೇಳಿ ಒಂದೇ ಪ್ರಶ್ನೆ ಕೇಳಿದರು. "ಅಲ್ಲಿ ಜನ ಬಾವಿ ನೀರು ಕುಡಿಯುತ್ತಾರಾ?" ಹೌದು ಅಂದೆ. ಅವರು ಬೇರೆ ಏನೂ ಹೇಳಲಿಲ್ಲ.

ಸ್ವಲ್ಪ ಹೊತ್ತಿನ ಮೇಲೆ ಅವರೇ ಮಾತು ತೆಗೆದರು. ಎರಡನೇ ಮಹಾಯುದ್ಧದ ನಂತರ ಇಲ್ಲಿನ ಯುರೇನಿಯಂ ಸೋವಿಯತ್ ಒಕ್ಕೂಟಕ್ಕೆ ಹೋಗುತ್ತಿತ್ತು. ಅದನ್ನು ತೋಡಲು ರಾಜಕೀಯ ಕೈದಿಗಳನ್ನೂ ಇಳಿಸುತ್ತಿದ್ದರು. ಬೆಟ್ಟದ ಸುತ್ತ ಮುಳ್ಳುತಂತಿಯ ಶಿಬಿರಗಳಿದ್ದವು. 1964ರಲ್ಲಿ ಇಲ್ಲಿ ಯುರೇನಿಯಂ ತೆಗೆಯುವುದು ನಿಂತಿತು. "ಆ ಹಳದಿ ಬೆಳೆದ ಗೋಡೆಗಳಲ್ಲಿ ಕೆಲವನ್ನು ಅವರೇ ಕಡಿದದ್ದು" ಅಂದರು. ಮಗಳ ದನಿ ಸಣ್ಣದಾಗಿತ್ತು, ಅನುವಾದ ಮಾಡಲು ಸ್ವಲ್ಪ ಹೊತ್ತು ಹಿಡಿಯಿತು.

ಮರುದಿನ ಬೆಳಿಗ್ಗೆ ಬಸ್ಸಿನಲ್ಲಿ ಓಸ್ಟ್ರೋವ್ ಪಕ್ಕದ ವಿಕ್ಮಾನೊವ್‌ಗೆ ಹೋದೆವು. ಅಲ್ಲಿ ಇಟ್ಟಿಗೆಯ ಕೆಂಪು ಗೋಪುರವೊಂದು ಈಗಲೂ ನಿಂತಿದೆ. ಜನ ಅದನ್ನು ಸಾವಿನ ಗೋಪುರ ಅನ್ನುತ್ತಾರೆ. ಕೈದಿಗಳು ಒಳಗೆ ಅದಿರು ಪುಡಿ ಮಾಡಿ ಪೀಪಾಯಿಗಳಿಗೆ ತುಂಬುತ್ತಿದ್ದರು, ದೂಳನ್ನೇ ಉಸಿರಾಡುತ್ತಿದ್ದರು. 2019ರಲ್ಲಿ ಯುನೆಸ್ಕೊ ಈ ಇಡೀ ಗಣಿ ಪ್ರದೇಶವನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿದಾಗ ಆ ಗೋಪುರವನ್ನೂ ಸೇರಿಸಿತು. ನಾವು ಅಲ್ಲಿ ಫೋಟೊ ತೆಗೆಯಲಿಲ್ಲ.

ಶೆಡ್ಡಿನ ಫೋಟೊ ಮಗಳ ಮೊಬೈಲಿನಲ್ಲಿದೆ. ಅದರಲ್ಲಿ ಆ ಹಸಿರು ನೀಲಿಯಾಗಿ ಬಂದಿದೆ, ಸರಿ ಮಾಡಲು ಎಷ್ಟು ಪ್ರಯತ್ನಿಸಿದರೂ ಆಗಲಿಲ್ಲ. ಹೊರಡುವಾಗ ಅಜ್ಜ ಒಂದು ಪುಟ್ಟ ಚೂರು ಕೊಡಲು ಬಂದಿದ್ದರು. ವಿಮಾನದಲ್ಲಿ ಯುರೇನಿಯಂ ಇರುವ ಕಲ್ಲು ತರುವಂತಿಲ್ಲ, ಬೇಡ ಅಂದೆ. ಅವರು ಒಳಗೆ ಹೋಗಿ ತಮ್ಮ ಹಳೇ ಟಾರ್ಚ್ ತಂದು ನನ್ನ ಕೈಗಿಟ್ಟರು. ಅದನ್ನು ನಾನು ತೆಗೆದುಕೊಂಡೆ.