ಮೆಕಾಂಗಿನ ಎರಡೂ ದಡದಲ್ಲಿ ಒಂದೇ ಮನೆತನದ ಮಾತು

ಬ್ಯಾಂಕಾಕಿನಿಂದ ರಾತ್ರಿ ಹೊರಡುವ ರೈಲು ಖೋನ್ ಕೇನ್, ಉಡೋನ್ ಥಾನಿ ದಾಟಿ ಬೆಳಗಾಗುವಷ್ಟರಲ್ಲಿ ಲಾವೋಸ್ ಗಡಿಯ ನೊಂಗ್ ಖಾಯ್ ಮುಟ್ಟಿಸುತ್ತದೆ. ದೂರ ಸುಮಾರು 620 ಕಿ.ಮೀ. ಹಳೆಯ ಮಾರ್ಗದರ್ಶಿಗಳಲ್ಲಿ ಇನ್ನೂ ಹುವಾ ಲಂಫೋಂಗ್ ನಿಲ್ದಾಣದ ಹೆಸರೇ ಇದೆ. 2023ರ ಜನವರಿಯಿಂದ ಈ ರೈಲುಗಳೆಲ್ಲ ಕ್ರುಂಗ್ ಥೆಪ್ ಅಫಿವತ್ ನಿಲ್ದಾಣದಿಂದ ಹೊರಡುತ್ತವೆ. ಟ್ಯಾಕ್ಸಿಯವರಿಗೆ ಸುಮ್ಮನೆ ‘ರೈಲ್ವೆ ಸ್ಟೇಷನ್’ ಎಂದರೆ ಹಳೆಯದಕ್ಕೇ ಕರೆದೊಯ್ದು ಬಿಡುವುದುಂಟು. ‘ಬಾಂಗ್ ಸ್ಯೂ’ ಎಂದು ಬಡಾವಣೆಯ ಹೆಸರು ಹೇಳಿದರೆ ಗೊಂದಲವಿಲ್ಲ.

ರೈಲು ಹಾಯುವ ಸೀಮೆಗೆ ಇಸಾನ್ ಎಂದು ಹೆಸರು. ನಮ್ಮ ‘ಈಶಾನ್ಯ’ವೇ ಅದು. ಥಾಯ್ಲೆಂಡಿನ ಈಶಾನ್ಯ ಮೂಲೆಯ 20 ಪ್ರಾಂತ್ಯಗಳು, ದೇಶದ ನೆಲದಲ್ಲಿ ಹತ್ತಿರಹತ್ತಿರ ಮೂರನೇ ಒಂದು ಪಾಲು. ಇಲ್ಲಿನ ಬಹುಪಾಲು ಮನೆಗಳಲ್ಲಿ ಆಡುವುದು ಲಾವೋ. ದಕ್ಷಿಣದ ಸುರಿನ್, ಬುರಿರಾಂ ಕಡೆ ಖ್ಮೇರ್ ಮಾತಾಡುವವರಿದ್ದಾರೆ. ಅವರನ್ನು ಬಿಟ್ಟು ಎಣಿಸಿದರೂ, ಲಾವೋ ಮನೆಮಾತಿನವರ ಸಂಖ್ಯೆ ಲಾವೋಸ್ ದೇಶಕ್ಕಿಂತ ಥಾಯ್ಲೆಂಡಿನಲ್ಲಿಯೇ ಹಲವು ಪಟ್ಟು ಹೆಚ್ಚು. ಲಾವೋಸಿನ ಒಟ್ಟು ಜನಸಂಖ್ಯೆಯೇ ಮುಕ್ಕಾಲು ಕೋಟಿಯ ಆಸುಪಾಸು. ಅದರಲ್ಲೂ ಲಾವೋ ಜನಾಂಗದವರು ಅರ್ಧಕ್ಕಿಂತ ಸ್ವಲ್ಪ ಹೆಚ್ಚು, ಉಳಿದವರು ಖ್ಮು, ಮೋಂಗ್ ಮುಂತಾದ ಬೇರೆ ಬೇರೆ ಮಾತಿನವರು. ನಕಾಶೆಯಲ್ಲಿ ಮೆಕಾಂಗ್ ನದಿಯ ಆಚೆ ಲಾವೋ, ಈಚೆ ಥಾಯ್ ಎಂದು ನೋಡಿ ಬಂದವರಿಗೆ ನೊಂಗ್ ಖಾಯ್‌ನಲ್ಲಿ ಇಳಿದ ಕೂಡಲೇ ಆ ಗೆರೆ ಅಳಿಸಿಹೋಗುತ್ತದೆ.

ನದಿಯ ದಂಡೆಗೆ ಅಂಟಿಕೊಂಡೇ ಇರುವ ಥಾ ಸದೆತ್ ಪೇಟೆಯಲ್ಲಿ ಇದನ್ನು ಕಿವಿಯಾರೆ ಕೇಳಬಹುದು. ಹಸಿ ಪಪ್ಪಾಯಿ ಕುಟ್ಟಿ ‘ಸೋಂ ತಮ್’ ಮಾಡಿಕೊಡುವ ಅಂಗಡಿಯ ಮುಂದೆ ನಿಲ್ಲಬೇಕು. ಎಡಗೈಯಲ್ಲಿ ಕಾಯಿ, ಬಲಗೈಯಲ್ಲಿ ಕತ್ತಿ. ಕಾಯಿಯ ಮೇಲೆ ಪಟಪಟ ಗೀರು ಹಾಕಿ, ಕತ್ತಿಯನ್ನು ಓರೆಯಾಗಿ ಎಳೆದರೆ ಎಳೆ ಎಳೆಯಾಗಿ ಉದುರುತ್ತದೆ. ಒರಳು ಮಣ್ಣಿನದು, ಒನಕೆ ಮರದ್ದು. ಬೆಳ್ಳುಳ್ಳಿ, ಮೆಣಸಿನಕಾಯಿ ಮೊದಲು, ಆಮೇಲೆ ಟೊಮೇಟೊ, ನಿಂಬೆ, ಪಪ್ಪಾಯಿ. ಕೊನೆಗೆ ಒಂದು ಪ್ರಶ್ನೆ. ಬ್ಯಾಂಕಾಕಿನಿಂದ ಬಂದ ಹುಡುಗಿಗೆ ಅಂಗಡಿಯಾಕೆ ಕೇಳಿದ್ದು, “ಸೈ ಪ್ಲಾ ರಾ ಮೈ?” ಪಕ್ಕದಲ್ಲಿದ್ದ, ಸೇತುವೆ ದಾಟಿ ಸಾಮಾನಿಗೆ ಬಂದ ಲಾವೋಸಿನ ಹೆಂಗಸಿಗೆ ಕೇಳಿದ್ದು, “ಸೈ ಪಾದೇಕ್ ಬೋ?” ಎರಡರ ಅರ್ಥವೂ ಒಂದೇ, ಹುದುಗಿಸಿದ ಮೀನು ಹಾಕಲೇ ಎಂದು.

ಹುಡುಗಿಗೆ ಕುತೂಹಲ. “ಅಕ್ಕಾ, ಈಗ ನೀವು ಆಡಿದ್ದು ಲಾವೋನಾ?”

“ಇಸಾನ್ ಮಾತಮ್ಮ.”

ಲಾವೋಸಿನ ಹೆಂಗಸು ಬಿಡಲಿಲ್ಲ. “ಇಸಾನ್ ಅಂತ ಬೇರೆ ಭಾಷೆ ಎಲ್ಲಿದೆ? ನಾವಿಬ್ಬರೂ ಆಡಿದ್ದು ಲಾವೋನೇ.”

ಅಂಗಡಿಯಾಕೆ ಕುಟ್ಟುವುದನ್ನು ನಿಲ್ಲಿಸಲಿಲ್ಲ. “ಮನೇಲಿ ನಮ್ಮಮ್ಮ ಲಾವೋ ಅಂತಾರೆ. ಸ್ಕೂಲಲ್ಲಿ ಇಸಾನ್ ಅಂತ ಹೇಳಿಕೊಟ್ರು. ಕಚೇರಿ ಕಾಗದದಲ್ಲಿ ಥಾಯ್ ಅಂತ ಇದೆ. ಮೂರೂ ನಾನೇ. ಮೆಣಸಿನಕಾಯಿ ಎಷ್ಟು ಹಾಕ್ಲಿ ಹೇಳಿ.”

“ನಿಮ್ಮಿಬ್ಬರ ಮಾತು ನಂಗೆ ಅರ್ಧ ಅರ್ಥವಾಯ್ತು,” ಎಂದಳು ಹುಡುಗಿ.

“ನಿನ್ನ ಮಾತು ನಂಗೆ ಪೂರ್ತಿ ಅರ್ಥ ಆಗತ್ತೆ,” ಎಂದರು ಆಚೆ ದಡದಾಕೆ. “ಚಿಕ್ಕಂದಿನಿಂದ ನಿಮ್ಮ ಟಿ.ವಿ. ನೋಡ್ಕೊಂಡೇ ಬೆಳೆದದ್ದು.”

ಥಾಯ್ ಮತ್ತು ಲಾವೋ ಸಂಬಂಧದ ಬಗ್ಗೆ ತಿಳಿಯಬೇಕಾದ ಅರ್ಧ ಸಂಗತಿ ಈ ನಾಲ್ಕು ಮಾತಿನಲ್ಲಿದೆ. ಲಾವೋಸಿನ ರಾಜಧಾನಿ ವಿಯೆಂಟಿಯಾನಿನವರಿಗೆ ಥಾಯ್ ಸಲೀಸು. ಥಾಯ್ ಧಾರಾವಾಹಿ, ಹಾಡು, ಪುಸ್ತಕ ಎಲ್ಲ ನದಿ ದಾಟಿ ಬರುತ್ತವೆ. ಬ್ಯಾಂಕಾಕಿನವರಿಗೆ ಲಾವೋ ಕೇಳುವ ರೂಢಿಯಿಲ್ಲ, ಹಾಗಾಗಿ ತಡವರಿಸುತ್ತಾರೆ. ಭಾಷೆಗಳ ನಡುವಿನ ದೂರ ಎರಡೂ ಕಡೆಯಿಂದ ಒಂದೇ, ನಡೆದು ಅಭ್ಯಾಸವಾದವರು ಒಂದು ಕಡೆಯವರು ಮಾತ್ರ.

ಆ ದೂರವಾದರೂ ಎಷ್ಟು? ಎರಡೂ ‘ತಾಯ್’ ಎಂಬ ದೊಡ್ಡ ಭಾಷಾ ಕುಟುಂಬದ ನೈಋತ್ಯ ಶಾಖೆಗೆ ಸೇರಿದವು. ಬರ್ಮಾದ ಶಾನ್, 1228ರಲ್ಲಿ ಸುಕಾಫಾನ ಜೊತೆ ಅಸ್ಸಾಮಿಗೆ ಬಂದ ಅಹೋಮರ ಹಳೆಯ ಮಾತು ಕೂಡ ಇದೇ ಶಾಖೆಯವು. ಥಾಯ್‌ಗೆ ಅತಿ ಹತ್ತಿರದ್ದು ಮಾತ್ರ ಲಾವೋ. ವ್ಯತ್ಯಾಸಗಳು ಬಹುಮಟ್ಟಿಗೆ ನಿಯಮಕ್ಕೆ ಕಟ್ಟುಬಿದ್ದಿವೆ. ಹಳಗನ್ನಡದ ‘ಪಾಲ್’ ಹೊಸಗನ್ನಡದಲ್ಲಿ ‘ಹಾಲು’ ಆದ ಹಾಗೆ, ಥಾಯ್ ಪದದ ಮೊದಲ ‘ರ’ ಲಾವೋದಲ್ಲಿ ‘ಹ’ ಆಗುತ್ತದೆ. ಪ್ರೀತಿ ಅಲ್ಲಿ ‘ರಕ್’, ಇಲ್ಲಿ ‘ಹಕ್’. ಓದುವುದು ‘ರಿಯನ್’, ‘ಹಿಯನ್’. ನೂರು ‘ರೋಯ್’, ‘ಹೋಯ್’. ಹೋಟೆಲ್ಲಿಗೆ ಥಾಯ್‌ನಲ್ಲಿ ‘ರೋಂಗ್ ರೇಮ್’, ಲಾವೋದಲ್ಲಿ ‘ಹೋಂಗ್ ಹೇಮ್’. ಸಂಸ್ಕೃತ, ಪಾಳಿಯಿಂದ ಬಂದ ಪದಗಳಿಗೆ ಈ ನಿಯಮ ಹೊಂದುವುದಿಲ್ಲ. ಅಲ್ಲಿ ‘ರ’ ಹೋಗಿ ‘ಲ’ ಬರುತ್ತದೆ: ಸರ್ಕಾರ ಥಾಯ್‌ನಲ್ಲಿ ‘ರತ್ಥಬಾನ್’, ಲಾವೋದಲ್ಲಿ ‘ಲತ್ಥಬಾನ್’. ಹಾಗೆಯೇ ‘ಛ’ ಇದ್ದಲ್ಲಿ ‘ಸ’. ಆನೆ ‘ಛಾಂಗ್’ ಇದ್ದದ್ದು ‘ಸಾಂಗ್’. ಲಾನ್ ಸಾಂಗ್, ಅಂದರೆ ಹತ್ತು ಲಕ್ಷ ಆನೆ, ಎಂಬ ಹಳೆಯ ರಾಜ್ಯದ ಹೆಸರಲ್ಲಿ ಇದೇ ಆನೆಯಿದೆ. ಒತ್ತಕ್ಷರ ಲಾವೋ ಬಾಯಲ್ಲಿ ನಿಲ್ಲುವುದಿಲ್ಲ: ಮೀನು ‘ಪ್ಲಾ’ ಹೋಗಿ ‘ಪಾ’. ಇನ್ನು ನಮಗೆ ವರ್ಣಮಾಲೆಯಲ್ಲಿದ್ದರೂ ಬಳಕೆಯಲ್ಲಿ ಅಪರೂಪವಾದ ‘ಞ’ ಲಾವೋದಲ್ಲಿ ಜೀವಂತವಾಗಿದೆ. ಸೊಳ್ಳೆ ಥಾಯ್‌ನಲ್ಲಿ ‘ಯುಂಗ್’, ಲಾವೋದಲ್ಲಿ ‘ಞುಂಗ್’. ಹಳೆಯ ಉಚ್ಚಾರ ಉಳಿಸಿಕೊಂಡಿರುವುದು ಲಾವೋ. ಲಾವೋ ಎಂದರೆ ಸಡಿಲವಾಗಿ ಆಡಿದ ಥಾಯ್ ಎಂದು ಕೆಲವು ಪ್ರವಾಸಿ ಪುಸ್ತಕಗಳು ಬರೆಯುತ್ತವೆ. ಅದು ಶುದ್ಧ ತಪ್ಪು. ಯಾವುದೂ ಇನ್ನೊಂದರಿಂದ ಹುಟ್ಟಿದ್ದಲ್ಲ, ಎರಡೂ ಒಂದೇ ಬೇರಿನಿಂದ ಬಂದವು.

ಕಷ್ಟ ಇರುವುದು ಸ್ವರದಲ್ಲಿ, ಅಂದರೆ ಪದವನ್ನು ಆಡುವ ದನಿಯ ಏರಿಳಿತದಲ್ಲಿ. ಬ್ಯಾಂಕಾಕ್ ಥಾಯ್‌ನಲ್ಲಿ ಐದು ಸ್ವರ. ಅಲ್ಲಿ ‘ಕಾ’ (ಕಾಗೆ) ಮತ್ತು ‘ಮಾ’ (ಬಾ) ಎರಡನ್ನೂ ಒಂದೇ ಸಮಸ್ವರದಲ್ಲಿ ಆಡುತ್ತಾರೆ. ವಿಯೆಂಟಿಯಾನಿನಲ್ಲಿ ‘ಕಾ’ ತಗ್ಗಿನಲ್ಲಿ, ‘ಮಾ’ ಎತ್ತರದಲ್ಲಿ. ಹೀಗಾಗಿ ಪದಗಳ ಪಟ್ಟಿ ಬಾಯಿಪಾಠ ಮಾಡಿದರೆ ಸಾಲದು, ಥಾಯ್ ರಾಗದಲ್ಲಿ ಲಾವೋ ಪದ ಹೇಳಿದರೆ ಎದುರಿನವರಿಗೆ ಬೇರೆಯೇ ಪದ ಕೇಳಿಸೀತು. ಮೊದಲ ದಿನ ಸುಮ್ಮನೆ ಕೇಳಿಸಿಕೊಳ್ಳುವುದೇ ಒಳ್ಳೆಯದು.

ಸಸ್ಯಾಹಾರಿಗಳಿಗೆ ಒಂದು ಎಚ್ಚರಿಕೆ, ಇದರಲ್ಲಿ ಮೋಸಹೋದವರು ಬಹಳ. “ಬೋ ಸೈ ಪಾದೇಕ್” ಎಂದರೆ ಹುದುಗಿಸಿದ ಮೀನು ಹಾಕುವುದಿಲ್ಲ, ಆದರೆ ಮೀನಿನ ಸಾರವಾದ ‘ನಾಮ್ ಪಾ’ ಬಿದ್ದೇ ಬೀಳುತ್ತದೆ. ಅದನ್ನೂ ಬೇರೆಯಾಗಿ ಬೇಡವೆನ್ನಬೇಕು. ಎರಡನ್ನೂ ಹೇಳಿದರೂ ಒರಳನ್ನು ಒಬ್ಬರಿಂದ ಇನ್ನೊಬ್ಬರಿಗೆ ತೊಳೆಯುವ ಪದ್ಧತಿಯಿಲ್ಲ. ಮಣ್ಣಿನ ಒರಳು ವಾಸನೆ ಹೀರಿಕೊಂಡಿರುತ್ತದೆ. ‘ಜೇ’ ಎಂದು ಹಳದಿ ಬಾವುಟದಲ್ಲಿ ಕೆಂಪಕ್ಷರ ಹಾಕಿದ ಅಂಗಡಿಗೆ ಹೋಗುವುದೇ ನಿಶ್ಚಿಂತೆ. ತಿನ್ನುವವರಿಗೆ ಹೇಳುವುದಾದರೆ, ಬ್ಯಾಂಕಾಕಿನ ಮಾಲ್‌ಗಳಲ್ಲಿ ಬೆಲ್ಲ, ಕಡಲೆಕಾಯಿ ಸುರಿದು ಕೊಡುವ ಸಿಹಿ ಸೋಂ ತಮ್ ಈ ತಿಂಡಿಗೆ ಮಾಡುವ ಅನ್ಯಾಯ. ಪಾದೇಕಿನ ಉಪ್ಪು, ಹುಳಿ, ಖಾರ, ಜೊತೆಗೆ ಬಿದಿರ ಬುಟ್ಟಿಯಲ್ಲಿ ಬಿಸಿ ಅಂಟಕ್ಕಿ ಅನ್ನ, ಅದೇ ಸರಿಯಾದ ಊಟ. ಅಂಟಕ್ಕಿಯನ್ನು ರಾತ್ರಿಯಿಡೀ ನೆನೆಸಿ, ‘ಹುವಾತ್’ ಎಂಬ ಶಂಕುವಿನಾಕಾರದ ಬಿದಿರ ಬುಟ್ಟಿಯಲ್ಲಿ ಹಬೆಗೆ ಇಟ್ಟು, ನಡುವೆ ಒಮ್ಮೆ ಇಡೀ ಮುದ್ದೆಯನ್ನು ಮಗುಚಿ ಬೇಯಿಸುತ್ತಾರೆ. ನೆನೆಸುವ ಹೊತ್ತು ಕಡಿಮೆಯಾದರೆ ಒಳಗಿನ ಕಾಳು ಗಟ್ಟಿಯಾಗಿಯೇ ಉಳಿಯುತ್ತದೆ, ಎಷ್ಟು ಹಬೆ ಕೊಟ್ಟರೂ ಸರಿಹೋಗುವುದಿಲ್ಲ. ಈ ಅನ್ನ ತಿನ್ನುವ ಸೀಮೆ ಎಲ್ಲಿಯವರೆಗೋ ಅಲ್ಲಿಯವರೆಗೆ ಲಾವೋ ಎಂದು ಲಾವೋ ಜನ ಅಭಿಮಾನದಿಂದ ಹೇಳಿಕೊಳ್ಳುತ್ತಾರೆ.

ನೊಂಗ್ ಖಾಯ್‌ನಿಂದ ಆಚೆಗೆ ಹೋಗುವ ಮೊದಲ ಸ್ನೇಹ ಸೇತುವೆ 1994ರ ಏಪ್ರಿಲಿನಲ್ಲಿ ತೆರೆದದ್ದು, ಉದ್ದ 1,170 ಮೀಟರ್. ನಡೆದು ದಾಟುವಂತಿಲ್ಲ, ಎರಡು ತಪಾಸಣಾ ಕಟ್ಟೆಗಳ ನಡುವೆ ಓಡುವ ಬಸ್ಸು ಹಿಡಿಯಬೇಕು. ಈಚೆ ರಸ್ತೆಯ ಎಡಕ್ಕೆ ಓಡುವ ವಾಹನಗಳು ಲಾವೋಸ್ ಬದಿಯಲ್ಲಿ ಬಲಕ್ಕೆ ಹೊರಳುತ್ತವೆ. ಭಾರತೀಯರಿಗೆ ವೀಸಾ ಅಲ್ಲೇ ಕೊಡುತ್ತಾರೆ. ಆರು ತಿಂಗಳು ಬಾಳುವ ಪಾಸ್‌ಪೋರ್ಟ್, ಒಂದು ಫೋಟೊ, ಅಮೆರಿಕನ್ ಡಾಲರ್ ಇಟ್ಟುಕೊಂಡಿರಬೇಕು. ಹರಿದ, ಮಸಿ ಬಿದ್ದ ನೋಟು ತೆಗೆದುಕೊಳ್ಳುವುದಿಲ್ಲ. ಥಾಯ್ ಬಾತ್‌ನಲ್ಲಿ ಕೊಟ್ಟರೆ ಲೆಕ್ಕಕ್ಕಿಂತ ಹೆಚ್ಚು ತೆರಬೇಕಾಗುತ್ತದೆ. ನೊಂಗ್ ಖಾಯ್ ರೈಲು ನಿಲ್ದಾಣದಿಂದ ಸೇತುವೆಗೆ ಎಂದು ಹತ್ತಿಸಿಕೊಂಡ ಟುಕ್ ಟುಕ್ ದಾರಿಯಲ್ಲಿ ಒಂದು ‘ವೀಸಾ ಕಚೇರಿ’ಯ ಮುಂದೆ ನಿಂತರೆ ಇಳಿಯಬೇಡಿ. ಅದು ಸರ್ಕಾರದ್ದಲ್ಲ. ಗಡಿಯಲ್ಲಿ ಬಿಟ್ಟಿಯಾಗಿ ಸಿಗುವ ಅರ್ಜಿಯನ್ನು ತುಂಬಿಕೊಟ್ಟು ದುಡ್ಡು ಕೀಳುವ ಜಾಗ. ಆಮೇಲೆ ಗಡಿಯಲ್ಲಿ ನಿಜವಾದ ಶುಲ್ಕವನ್ನು ಮತ್ತೆ ಕಟ್ಟಬೇಕು.

ಆಚೆ ಕಟ್ಟೆಯಿಂದ 14ನೇ ನಂಬರಿನ ಬಸ್ಸು ತಲಾತ್ ಸಾವ್‌ವರೆಗೆ ಹೋಗುತ್ತದೆ. ಬೆಳಗಿನ ಪೇಟೆ ಎಂದರ್ಥ, ಥಾಯ್‌ನವರು ‘ತಲಾತ್ ಛಾವ್’ ಎನ್ನುತ್ತಾರೆ. ಲಿಪಿ ಥಾಯ್‌ಗಿಂತ ದುಂಡಗೆ. ಥಾಯ್‌ನಲ್ಲಿ 44 ವ್ಯಂಜನ, ಲಾವೋದಲ್ಲಿ ಮೂವತ್ತಕ್ಕೂ ಕಡಿಮೆ. ಎರಡೂ ಖ್ಮೇರ್ ಲಿಪಿಯ ಮೂಲಕ ದಕ್ಷಿಣ ಭಾರತದ ಪಲ್ಲವ ಬರಹಕ್ಕೆ ಹೋಗಿ ಮುಟ್ಟುತ್ತವೆ. ಥಾಯ್ ಬರಹ ಸಂಸ್ಕೃತದ ಮೂಲ ಕಾಗುಣಿತವನ್ನು ಹಾಗೇ ಹಿಡಿದಿಟ್ಟುಕೊಂಡು, ಉಚ್ಚರಿಸದ ಅಕ್ಷರದ ತಲೆಯ ಮೇಲೆ ಒಂದು ಗುರುತು ಹಾಕುತ್ತದೆ. ಲಾವೋ, ಅದರಲ್ಲೂ 1975ರ ಕ್ರಾಂತಿಯ ನಂತರ, ಆಡಿದ್ದಷ್ಟನ್ನೇ ಬರೆಯುತ್ತದೆ. ರಾಜಧಾನಿಯ ಹೆಸರನ್ನೇ ನೋಡಿ: ನೊಂಗ್ ಖಾಯ್ ಬದಿಯ ಫಲಕದಲ್ಲಿ ‘ವಿಯಂಗ್‌ಚನ್’ ಎಂಬುದರ ಕೊನೆಗೆ ‘ಚಂದನ’ದ ಉಚ್ಚಾರವಿಲ್ಲದ ಅಕ್ಷರಗಳೂ ಇವೆ. ಸೇತುವೆ ದಾಟಿದರೆ ಬರೀ ‘ಚನ್’. ಇಸಾನಿನಲ್ಲೂ ಮೊದಲು ಲಾವೋ ಬರೆಯುತ್ತಿದ್ದದ್ದು ತಾಯ್ ನೊಯ್ ಎಂಬ ಇದೇ ಬಗೆಯ ಲಿಪಿಯಲ್ಲಿ. 1921ರ ಕಡ್ಡಾಯ ಶಿಕ್ಷಣ ಕಾಯಿದೆಯ ನಂತರ ಶಾಲೆಯಲ್ಲಿ ಥಾಯ್ ಒಂದೇ ಉಳಿದು ಅದು ಮರೆಗೆ ಸರಿಯಿತು. ಖೋನ್ ಕೇನ್ ವಿಶ್ವವಿದ್ಯಾಲಯದವರು ಈಗ ತಮ್ಮ ನಾಮಫಲಕಗಳಲ್ಲಿ ಅದನ್ನು ಮತ್ತೆ ಬರೆಸಿದ್ದಾರೆ. ಇದು ಮನಸ್ಸು ತುಂಬುವ ಕೆಲಸ, ಇಳಿದು ನೋಡಬೇಕು.

ವಿಯೆಂಟಿಯಾನಿನಲ್ಲಿ ಥಾಯ್ ಕಲಿತು ಬಂದವರು ಮೊದಲು ಎಡವುವುದು ‘ಕೇವ್’ ಎಂಬ ಪದದಲ್ಲಿ. ಥಾಯ್‌ನಲ್ಲಿ ಅದು ಲೋಟ, ಲಾವೋದಲ್ಲಿ ಬಾಟಲಿ. ಒಂದು ಲೋಟ ಬಿಯರ್ ಕೇಳಿದವರ ಮುಂದೆ ದೊಡ್ಡ ಬಾಟಲಿ ಬಂದು ಕೂರುತ್ತದೆ. ಲೋಟಕ್ಕೆ ಇಲ್ಲಿ ‘ಚೋಕ್’. ಎರಡನೆಯದು ಲೆಕ್ಕ. ಇಪ್ಪತ್ತಕ್ಕೆ ಥಾಯ್ ‘ಯೀ ಸಿಪ್’, ಲಾವೋ ‘ಸಾವ್’. ಹತ್ತು ಸಾವಿರಕ್ಕೆ ಥಾಯ್‌ನಲ್ಲಿ ‘ಮೂನ್’ ಎಂಬ ಬೇರೆ ಪದವಿದೆ. ಪೇಟೆಯ ಲಾವೋದಲ್ಲಿ ‘ಸಿಪ್ ಫನ್’, ಹತ್ತು ಸಾವಿರ ಎಂದೇ ಎಣಿಸುತ್ತಾರೆ. ಹಾಗಾಗಿ ಲಾವೋಸಿನ ಹಣದಲ್ಲಿ 20,000 ಕಿಪ್ ಎನ್ನುವುದು ‘ಸಾವ್ ಫನ್’. ಕಿಪ್ ಲೆಕ್ಕವೆಲ್ಲ ಸಾವಿರ, ಲಕ್ಷಗಳಲ್ಲಿ ಇರುವುದರಿಂದ ಈ ಎರಡು ಪದ ಗೊತ್ತಿಲ್ಲದೆ ಚೌಕಾಸಿಗೆ ಇಳಿಯಬಾರದು. ಉಳಿದ ಕಿಪ್ ಅನ್ನು ವಾಪಸಾಗುವ ಮುಂಚೆ ಖರ್ಚು ಮಾಡಿ, ಗಡಿಯಾಚೆ ಬದಲಿಸಿಕೊಡುವವರು ಸಿಗುವುದು ಕಷ್ಟ.

ಕರೆಯುವ ರೀತಿಯಲ್ಲಿ ಇನ್ನೂ ಜೋಪಾನ. ಬ್ಯಾಂಕಾಕಿನಲ್ಲಿ ತನಗಿಂತ ಹಿರಿಯರನ್ನು, ಗಂಡಾಗಲಿ ಹೆಣ್ಣಾಗಲಿ, ‘ಫೀ’ ಎನ್ನುತ್ತಾರೆ. ಲಾವೋದಲ್ಲಿ ಅಣ್ಣನಿಗೆ ‘ಆಯ್’, ಅಕ್ಕನಿಗೆ ‘ಉವಾಯ್’. ಅಂಗಡಿಯಾಕೆಯನ್ನು ‘ಉವಾಯ್’ ಎಂದರೆ ಮುಖ ಅರಳುತ್ತದೆ. ಥಾಯ್‌ನವರು ಎರಡು ದೇಶಗಳನ್ನು ‘ಅಣ್ಣನ ನಾಡು, ತಮ್ಮನ ನಾಡು’ ಎಂದು ವರ್ಣಿಸುವ ರೂಢಿಯಿದೆ. ತಮ್ಮನ ಸ್ಥಾನ ಯಾರದೆಂದು ಲಾವೋಸಿನವರಿಗೆ ಚೆನ್ನಾಗಿ ಗೊತ್ತು, ಅದು ಅವರಿಗೆ ಇಷ್ಟವಿಲ್ಲ. ಈ ಮಾತನ್ನು ಪ್ರವಾಸಿಗರು ಎತ್ತದಿರುವುದು ಮರ್ಯಾದೆ.

ಆ ಬೇಸರಕ್ಕೆ ಕಾರಣ ನಗರದ ನಡುವೆಯೇ ಇದೆ. ಹೋ ಫಾ ಕೇವ್ ಮಂದಿರವನ್ನು ಪಚ್ಚೆ ಬುದ್ಧನಿಗೆಂದು ಕಟ್ಟಿದ್ದು, 1560ರಲ್ಲಿ ರಾಜಧಾನಿಯನ್ನು ಇಲ್ಲಿಗೆ ತಂದ ಸೆತ್ಥಾಥಿರಾತ್ ದೊರೆ. 1779ರಲ್ಲಿ ಸಯಾಮಿನ, ಅಂದರೆ ಆಗಿನ ಥಾಯ್ಲೆಂಡಿನ, ಸೈನ್ಯ ಆ ಮೂರ್ತಿಯನ್ನು ಹೊತ್ತೊಯ್ದಿತು. ಅದೀಗ ಬ್ಯಾಂಕಾಕಿನ ಅರಮನೆ ಆವರಣದ ಮಂದಿರ ವಾಟ್ ಫ್ರ ಕೇವ್‌ನಲ್ಲಿದೆ. 1826ರಲ್ಲಿ ದೊರೆ ಆನುವೊಂಗ್ ಬ್ಯಾಂಕಾಕಿನ ವಿರುದ್ಧ ಎದ್ದ, ಸೋತ. 1828ರಲ್ಲಿ ವಿಯೆಂಟಿಯಾನ್ ನೆಲಸಮವಾಯಿತು. ಎದುರಿನ ವಾಟ್ ಸೀ ಸಕೆತ್ ಮಾತ್ರ ಉಳಿಯಿತು. ಜನರನ್ನು ಗುಂಪುಗುಂಪಾಗಿ ಬಲದಂಡೆಗೆ ಸಾಗಿಸಿದರು. ಇಂದಿನ ಇಸಾನಿನ ಎಷ್ಟೋ ಊರುಗಳ ಹಿರೀಕರು ಅವರೇ. 1893ರಲ್ಲಿ ಫ್ರೆಂಚರು ಎಡದಂಡೆಯನ್ನು ಕಸಿದುಕೊಂಡಾಗ ಒಂದೇ ಮಾತಿನ ಜನ ಎರಡು ಆಳ್ವಿಕೆಗೆ ಹಂಚಿಹೋದರು. ಆಮೇಲೆ ಸಯಾಮ್ ಸರ್ಕಾರ ತನ್ನ ಪ್ರಾಂತ್ಯಗಳ ಹೆಸರಿನಿಂದ ‘ಲಾವೋ’ ಪದವನ್ನು ತೆಗೆದು ದಿಕ್ಕಿನ ಹೆಸರಿಟ್ಟಿತು. ಮೆಕಾಂಗ್ ದಂಡೆಯ ಉದ್ಯಾನದಲ್ಲಿ ಆನುವೊಂಗನ ಪ್ರತಿಮೆ ಥಾಯ್ಲೆಂಡಿನ ಕಡೆ ಕೈಚಾಚಿ ನಿಂತಿದೆ. ಇತ್ತ ಕೋರಾತ್ ಪಟ್ಟಣದಲ್ಲಿ ಅದೇ ಆನುವೊಂಗನ ಸೈನ್ಯವನ್ನು ತಡೆದಳೆಂದು ಥಾವ್ ಸುರನಾರಿಯ ಪ್ರತಿಮೆಗೆ 1934ರಿಂದ ಪೂಜೆ ನಡೆಯುತ್ತಿದೆ. ಎರಡನ್ನೂ ನೋಡದೆ ಬಂದವರು ಅರ್ಧ ಕಥೆಯನ್ನಷ್ಟೇ ಕೇಳಿದಂತೆ.

ವಾಪಸು ದಾರಿಯಲ್ಲಿ ಇನ್ನೊಂದು ಜೋಡಿ ಇದೆ. ಸೆತ್ಥಾಥಿರಾತನ ಮೂವರು ಹೆಣ್ಣುಮಕ್ಕಳು ಒಬ್ಬೊಬ್ಬರು ಒಂದೊಂದು ಬುದ್ಧನನ್ನು ಎರಕ ಹೊಯ್ಯಿಸಿದರು ಎನ್ನುತ್ತದೆ ಐತಿಹ್ಯ: ಸೇಮ್, ಸುಕ್, ಸೈ. ನದಿ ದಾಟಿಸುವಾಗ ಸುಕ್ ನೀರುಪಾಲಾಯಿತಂತೆ. ಸೈ ಮೂರ್ತಿಯ ಬಂಡಿ ನೊಂಗ್ ಖಾಯ್‌ನಲ್ಲಿ ಮುಂದಕ್ಕೆ ಹೋಗದೆ ನಿಂತಿತಂತೆ. ಆ ಮೂರ್ತಿ ಅಲ್ಲಿನ ವಾಟ್ ಫೋ ಚೈಯಲ್ಲಿದೆ, ಸೋಂಕ್ರಾನ್ ಹಬ್ಬಕ್ಕೆ ಮೆರವಣಿಗೆ ಹೊರಡುತ್ತದೆ. ಸೇಮ್ ಇರುವುದು ಬ್ಯಾಂಕಾಕಿನ ವಾಟ್ ಪಥುಮ್ ವನಾರಾಮ್‌ನಲ್ಲಿ. ಸಯಾಮ್ ಮೆಟ್ರೊ ನಿಲ್ದಾಣದಲ್ಲಿ ಇಳಿದರೆ ಎರಡು ದೊಡ್ಡ ಮಾಲ್‌ಗಳ ನಡುವೆ ಅದರ ಬಾಗಿಲು ಸಿಗುತ್ತದೆ. ಸುತ್ತ ಅಂಗಡಿ ನೋಡಲು ಬಂದವರಲ್ಲಿ ಹೆಚ್ಚಿನವರು ಒಳಗೆ ಹೋಗುವುದೇ ಇಲ್ಲ.